ಹ್ಯಾಂಗಕ್ಕನೂ ಸಲೂನ್ ಅಣ್ಣನ ಬಲಗೈಯೂ

ಅವಳಿಗೆ ತಂದೆತಾಯಿ ಇಟ್ಟ ಹೆಸರೊಂದಿದೆ. ಅದು ಬ್ಯಾಂಕಿನವರಿಗೆ ಗೊತ್ತು, ಮತದಾರರ ಪಟ್ಟಿಗೆ ಗೊತ್ತು, ಸಿಟ್ಟು ಬಂದಾಗ ಗಂಡನಿಗೂ ನೆನಪಾಗುತ್ತದೆ. ಮಿಕ್ಕವರಿಗೆಲ್ಲ ಅವಳು ಹ್ಯಾಂಗಕ್ಕ. ಫೋನಿನಲ್ಲಿ ಆಡುತ್ತಿರುವ ಆಟ ‘ಹ್ಯಾಂಗ್’ ಆಗಿ ಗರಬಡಿದಂತೆ ನಿಂತುಬಿಟ್ಟರೆ, ಓಡಬೇಕಾದ ಕಾರು ತೆವಳಿದರೆ, ಇತ್ತ ಒತ್ತಿದ್ದಕ್ಕೆ ಅತ್ತ ಎರಡು ಕ್ಷಣ ತಡವಾಗಿ ಜಿಗಿದರೆ, ಜನ ಹುಡುಕಿಕೊಂಡು ಬರುವುದು ಅವಳನ್ನೇ. ಒಡೆದ ಗಾಜು ಬದಲಾಯಿಸುವವರು ಆ ರಸ್ತೆಯಲ್ಲಿ ಇನ್ನೂ ನಾಲ್ವರಿದ್ದಾರೆ. ನಿಂತ ಆಟವನ್ನು ಓಡಿಸುವವಳು ಇವಳೊಬ್ಬಳೇ.

ಅಂಗಡಿ ಎಂದರೆ ದೊಡ್ಡ ಅಂಗಡಿಯೇನೂ ಅಲ್ಲ. ಔಷಧಿ ಅಂಗಡಿಗೂ ಜೆರಾಕ್ಸ್ ಅಂಗಡಿಗೂ ನಡುವೆ ಮೆಟ್ಟಿಲ ಕೆಳಗೆ ಉಳಿದುಹೋಗಿದ್ದ ಸಂದಿ. ಒಂದು ಮೇಜು, ಕುತ್ತಿಗೆ ಬಗ್ಗಿಸುವ ದೀಪ, ಎರಡು ಸ್ಟೂಲು, ಗೋಡೆಗೆ ಒಂದು ಪುಟ್ಟ ಫ್ಯಾನು. ಆ ಫ್ಯಾನು ಹ್ಯಾಂಗಕ್ಕನಿಗಲ್ಲ, ಬಿಸಿಯಾದ ಫೋನುಗಳಿಗೆ. ಮೆಟ್ಟಿಲ ಮೇಲೆ ಯಾರಾದರೂ ಭಾರದ ಹೆಜ್ಜೆ ಇಟ್ಟರೆ ಮೇಜಿನ ಮೇಲೆ ಸುಣ್ಣದ ಪುಡಿ ಉದುರುತ್ತದೆ. ಆಗ ಅವಳು ತೆರೆದಿಟ್ಟ ಫೋನಿನ ಮೇಲೆ ಎರಡೂ ಅಂಗೈ ಹರವಿ, ಆ ಹೆಜ್ಜೆಯವರನ್ನು ಮನಸ್ಸಿನಲ್ಲೇ ಬೈಯುತ್ತಾಳೆ.

ಮೂವತ್ತಾರನೇ ವಯಸ್ಸಿನವರೆಗೆ ಅವಳು ಬಟ್ಟೆ ಕಾರ್ಖಾನೆಯೊಂದರಲ್ಲಿ ಅಂಗಿಗಳಿಗೆ ಕಾಜಾ ಹೊಲಿಯುತ್ತಿದ್ದಳು. ದಿನಕ್ಕೆ ಆರುನೂರು ಕಾಜಾ. ಒಂದು ಸೋಮವಾರ ಹೋದರೆ ಕಾರ್ಖಾನೆಯ ಗೇಟಿಗೆ ಬೀಗ. ಮೂರು ತಿಂಗಳ ಮೊಬೈಲ್ ರಿಪೇರಿ ತರಗತಿಗೆ ಸೇರಿಕೊಂಡಾಗ, ಪಕ್ಕದಲ್ಲಿ ಕೂತವರೆಲ್ಲ ಅವಳ ಅರ್ಧ ವಯಸ್ಸಿನವರು. ಮೊದಲ ದಿನ ಅವಳು ಪಾಠ ಹೇಳಲು ಬಂದವಳೆಂದು ತಿಳಿದು ಇಡೀ ತರಗತಿ ಎದ್ದು ನಿಂತಿತ್ತಂತೆ. ಅವಳೂ ಬಿಗುಮಾನದಿಂದ “ಕೂತ್ಕೊಳ್ಳಿ, ಕೂತ್ಕೊಳ್ಳಿ” ಎಂದು ಹೇಳಿ ಹಿಂದಿನ ಬೆಂಚಿಗೆ ಹೋಗಿ ಕೂತಳಂತೆ. ಈ ಕತೆಯನ್ನು ಅವಳೇ ಹೇಳುತ್ತಾಳಾದ್ದರಿಂದ ಅರ್ಧ ನಂಬಿದರೆ ಸಾಕು.

ಆಟಗಳ ಕಡೆಗೆ ಅವಳನ್ನು ತಿರುಗಿಸಿದವರು ಅವಳ ಅತ್ತೆ. ಎಪ್ಪತ್ತರ ಆ ಹೆಂಗಸು ಬೆಳಗಿನ ಕಾಫಿ ಕುಡಿದು ಫೋನ್ ಹಿಡಿದರೆಂದರೆ, ಒಂದೇ ಬಣ್ಣದ ಮಿಠಾಯಿ ಮೂರು ಮೂರು ಜೋಡಿಸುತ್ತ ಮಧ್ಯಾಹ್ನದವರೆಗೆ ತಲೆ ಎತ್ತುವವರಲ್ಲ. ಆಟ ನಿಂತರೆ ಮನೆಯಲ್ಲಿ ಪ್ರಳಯ. “ಊರಿಗೆ ಉಪಕಾರಿ, ಮನೆಗೆ ಮಾರಿ! ಊರವರ ಫೋನೆಲ್ಲ ರಿಪೇರಿ ಮಾಡ್ತೀಯ, ನಂದು ನೋಡು, ಕಲ್ಲಾಗಿ ಕೂತಿದೆ!” ಸೊಸೆ ನಾಲ್ಕು ಸಲ ಫೋನ್ ಬಿಚ್ಚಿ ನೋಡಿದಳು. ಒಳಗೆ ಏನೂ ಕೆಟ್ಟಿರಲಿಲ್ಲ. ಐದನೇ ಸಲ ಫೋನ್ ಬಿಟ್ಟು ಅತ್ತೆಯನ್ನೇ ಒಂದು ಗಂಟೆ ನೋಡುತ್ತ ಕೂತಳು. ಅತ್ತೆ ಚಾರ್ಜರ್ ಚುಚ್ಚಿಕೊಂಡೇ ಆಡುತ್ತಾರೆ, ಫೋನಿಗೆ ದಪ್ಪ ರಬ್ಬರಿನ ಕವರ್, ಅದನ್ನು ತೊಡೆ ಮೇಲಿನ ದಿಂಬಿಗೆ ಒತ್ತಿ ಹಿಡಿದಿದ್ದಾರೆ. ಕಂಬಳಿ ಹೊದ್ದು ಬಿಸಿಲಲ್ಲಿ ಓಡು ಎಂದರೆ ಯಾರು ಓಡುತ್ತಾರೆ? ಬಿಸಿ ತಾಳಲಾರದೆ ಫೋನ್ ತಾನೇ ನಿಧಾನ ಮಾಡಿಕೊಳ್ಳುತ್ತಿತ್ತು. ಕವರ್ ತೆಗೆಸಿ, ಚಾರ್ಜರ್ ಬಿಡಿಸಿ, ದಿಂಬು ಎತ್ತಿಟ್ಟ ದಿನದಿಂದ ಮಿಠಾಯಿ ನೀರಿನಂತೆ ಹರಿಯಿತು. ಅತ್ತೆ ಮಾತ್ರ ಸೊಸೆಯನ್ನು ಹೊಗಳಲಿಲ್ಲ. “ಮೊದಲೇ ನೋಡಕ್ಕೇನಾಗಿತ್ತು ನಿಂಗೆ?” ಅಂದರು.

ಆ ಮಾತನ್ನು ಹ್ಯಾಂಗಕ್ಕ ಹಣೆಬರಹದಂತೆ ಉಳಿಸಿಕೊಂಡಳು. ಅಂದಿನಿಂದ ಅವಳದೊಂದು ಪದ್ಧತಿ. ಯಾರೇ ಬರಲಿ, ಮೊದಲು ಫೋನ್ ಮುಟ್ಟುವುದಿಲ್ಲ. ಸ್ಟೂಲು ತೋರಿಸಿ, “ಆಡಿ ತೋರಿಸಿ” ಎನ್ನುತ್ತಾಳೆ. ಅವರು ಆಡುವಾಗ ಅವಳ ಕಣ್ಣು ಪರದೆಯ ಮೇಲಿರುವುದಿಲ್ಲ, ಕೈ ಮೇಲಿರುತ್ತದೆ. ಎಲ್ಲಿ ಹಿಡಿಯುತ್ತಾರೆ, ಎಷ್ಟು ಒತ್ತುತ್ತಾರೆ, ಯಾವ ಬೆರಳು ಎಲ್ಲಿ ಸುಮ್ಮನೆ ಕೂತಿದೆ, ಎಲ್ಲ ನೋಡಿಕೊಳ್ಳುತ್ತಾಳೆ. ಆಮೇಲೆ ಫೋನ್ ಇಸಿದುಕೊಂಡು ಅವರ ಹಾಗೆಯೇ ಹಿಡಿದು ಆಡುತ್ತಾಳೆ. ಎಡಗೈಯವರಂತೆ, ಉಗುರು ಬಿಟ್ಟವರಂತೆ, ಒಂದೇ ಹೆಬ್ಬೆರಳಿನಲ್ಲಿ ಸಂಸಾರ ಮಾಡುವವರಂತೆ. ಅದಾದ ಮೇಲೆಯೇ ಸೆಟ್ಟಿಂಗ್ಸ್ ತೆರೆಯುವುದು. ಜಾಗ ತುಂಬಿದ್ದರೆ ಶುಭೋದಯದ ಚಿತ್ರಗಳನ್ನು ಸಾವಿರಗಟ್ಟಲೆ ಅಳಿಸುತ್ತಾಳೆ, ಹಿಂದೆ ಕದ್ದು ಓಡುತ್ತಿರುವ ಆಪ್‌ಗಳನ್ನು ಹೊರಹಾಕುತ್ತಾಳೆ, ಹಳೆ ಫೋನಿಗೆ ಹೊರಲಾಗದ ಮೆರುಗನ್ನು ಆಟದಿಂದ ಇಳಿಸುತ್ತಾಳೆ. “ಬಡವರ ಮನೆ ಮದುವೆಗೆ ಇಷ್ಟು ದೀಪ ಸಾಕು” ಎಂದು ಅವಳ ವಿವರಣೆ.

ಇಷ್ಟೆಲ್ಲ ಹೇಳಿದ್ದು ಯಾಕೆಂದರೆ, ಈ ಪದ್ಧತಿಯನ್ನು ಹ್ಯಾಂಗಕ್ಕ ಒಂದೇ ಒಂದು ಸಲ ಮುರಿದಳು. ಅದೂ ಸಲೂನ್ ಅಣ್ಣನ ವಿಷಯದಲ್ಲಿ.

ಸಲೂನ್ ಅಣ್ಣನಿಗೆ ಅರವತ್ತರ ಹತ್ತಿರ. ಅವರ ಕತ್ತರಿ ಮೂವತ್ತು ವರ್ಷ ಆ ರಸ್ತೆಯ ಎಲ್ಲ ತಲೆಗಳನ್ನೂ ಕಂಡಿದೆ. ಹ್ಯಾಂಗಕ್ಕನ ಮಾವ ತೀರಿಕೊಳ್ಳುವ ಮುಂಚೆ ಹಾಸಿಗೆ ಹಿಡಿದಿದ್ದಾಗ, ವಾರಕ್ಕೊಮ್ಮೆ ಮನೆಗೇ ಬಂದು ಗಡ್ಡ ಮಾಡಿ ಹೋಗುತ್ತಿದ್ದವರು ಅವರೇ. ಕರೆಸಿಕೊಂಡವರಲ್ಲ, ತಾವಾಗಿ ಬಂದವರು. ಅಂಥವರಿಗೆ ಆರು ತಿಂಗಳ ಹಿಂದೆ, ಗಿರಾಕಿಯ ಕಿವಿ ಹಿಂದಿನ ಕೂದಲು ಕತ್ತರಿಸುತ್ತಿರುವಾಗಲೇ ಬಲಗೈ ಜೋತುಬಿತ್ತು. ಸ್ಟ್ರೋಕ್. ನಡಿಗೆ ಬಂತು, ಮಾತು ಬಂತು, ಬಲಗೈ ಮಾತ್ರ ಬರಲಿಲ್ಲ. ಭುಜ ಸ್ವಲ್ಪ, ಮೊಣಕೈ ಸ್ವಲ್ಪ, ತೋರುಬೆರಳು ಅಷ್ಟಿಷ್ಟು. ಕೊನೆಯ ಎರಡು ಬೆರಳಂತೂ ತಮ್ಮದಲ್ಲವೇ ಅಲ್ಲ ಎಂಬಂತೆ ಮಡಚಿಕೊಂಡು ಬಿದ್ದಿದ್ದವು.

ಆಸ್ಪತ್ರೆಯಲ್ಲಿ ಕೈಗೆ ವ್ಯಾಯಾಮ ಮಾಡಿಸುವ ಡಾಕ್ಟರಮ್ಮ ಅವರ ಫೋನಿಗೆ ಒಂದು ಆಟ ಹಾಕಿಕೊಟ್ಟಿದ್ದರು. ಕೆಳಗಿನಿಂದ ಬಣ್ಣಬಣ್ಣದ ಗುಳ್ಳೆಗಳು ಏಳುತ್ತವೆ, ಬಲಗೈ ತೋರುಬೆರಳಿನಿಂದ ಒಡೆಯುತ್ತ ಹೋಗಬೇಕು. ದಿನಕ್ಕೆ ಮೂರು ಸಲ, ಹತ್ತು ಹತ್ತು ನಿಮಿಷ. ಮೊದಲಿಗೆ ಮುಖ ಸಿಂಡರಿಸಿದ ಅಣ್ಣ, ಆಮೇಲೆ ಗುಳ್ಳೆಗಳ ಮೇಲೆ ಹಟಕ್ಕೆ ಬಿದ್ದರು. ಒಂದು ಆಟಕ್ಕೆ ಹನ್ನೊಂದು, ಹದಿನಾಲ್ಕು, ಇಪ್ಪತ್ತು. ಆಮೇಲೆ ಆಟ ನಿಲ್ಲತೊಡಗಿತು. ಬೆರಳು ಗುಳ್ಳೆಯ ಮೇಲಿದೆ, ಗುಳ್ಳೆ ಒಡೆಯುವುದಿಲ್ಲ.

ಒಂದು ಮಂಗಳವಾರ ಹನ್ನೊಂದು ಗಂಟೆಗೆ ಅವರ ಹೆಂಡತಿ ಫೋನ್ ತೆಗೆದುಕೊಂಡು ಬಂದರು. ಹ್ಯಾಂಗಕ್ಕ ಅವರನ್ನು ಕರೆಯುವುದು ಅತ್ತಿಗೆ ಎಂದು. ಪರೀಕ್ಷೆ ಮುಗಿದ ಕಾಲ, ಅಂಗಡಿ ಮುಂದೆ ಕಾಲೇಜಿನವರ ಜಾತ್ರೆ. ಅತ್ತಿಗೆ ಮೇಜಿನ ಮೇಲೆ ಬಗ್ಗಿ ಮೆಲ್ಲಗೆ ಹೇಳಿದರು.

“ಅವರು ಬರಲ್ಲ ಅಂದ್ರು. ನಿಂತಿರೋದು ಫೋನಲ್ಲ ಕಣೇ, ನನ್ನ ಬೆರಳು ಅಂತಾರೆ. ಹೀಗೇ ಆದ್ರೆ ಒಂದನೇ ತಾರೀಖು ಸಲೂನ್ ಬೀಗದ ಕೈ ಮಾಲೀಕರಿಗೆ ವಾಪಸ್ ಕೊಟ್ಬಿಡು ಅಂದಿದಾರೆ. ಕೈ ಹೋಯ್ತು ಅಂತ ಅವರ ಮನಸ್ಸಿಗೆ ಬಂದ್ಬಿಟ್ರೆ ಮುಗೀತು. ಅದು ಫೋನೇ ಅಂತ ಗೊತ್ತಾಗ್ಬೇಕು ಅವರಿಗೆ.”

ಹ್ಯಾಂಗಕ್ಕ ಫೋನ್ ತೆರೆದು ನೋಡಿದಳು. ಫೋನೂ ಅಷ್ಟೇನೂ ಸುಖವಾಗಿರಲಿಲ್ಲ. ಜಾಗ ಪೂರ್ತಿ ತುಂಬಿ ಸೂಜಿ ಇಡಲು ಎಡೆಯಿಲ್ಲ. ಹದಿನೇಳು ಆಪ್‌ಗಳು ಹಿಂದೆ ಉಸಿರಾಡುತ್ತಿವೆ. ಕವರಿನ ಒಳಗೆ ಆಸ್ಪತ್ರೆಯ ಚೀಟಿಗಳನ್ನು ನಾಲ್ಕು ಮಡಿಕೆ ಮಾಡಿ ತುರುಕಿದ್ದಾರೆ. ಅವಳಿಗೆ ಖುಷಿಯೇ ಆಯಿತು. ಸಿಕ್ಕಿತಲ್ಲ ರೋಗ! ಅರ್ಧ ಗಂಟೆಯಲ್ಲಿ ಎಲ್ಲ ಸಾಫು ಮಾಡಿ, ಫೋನನ್ನು ಫ್ಯಾನಿನ ಮುಂದೆ ತಣಿಸಿ, ತಾನೇ ಗುಳ್ಳೆ ಒಡೆದಳು. ಕಾಜಾ ಹೊಲಿದ ಬೆರಳು, ಕೇಳಬೇಕೆ? ಪಟಪಟ ಮುನ್ನೂರು ಗುಳ್ಳೆ. ಒಂದೂ ನಿಲ್ಲಲಿಲ್ಲ.

“ಅತ್ತಿಗೆ, ಅಣ್ಣನಿಗೆ ಹೋಗಿ ಹೇಳಿ. ಕೈ ಚಿನ್ನದ ಹಾಗಿದೆ, ಕೆಟ್ಟಿದ್ದು ಫೋನು. ಈಗ ಅದೂ ಸರಿಹೋಯ್ತು. ಇನ್ಮೇಲೆ ಇದೇನಾದ್ರೂ ನಿಂತ್ರೆ ನಾನು ಅಂಗಡಿ ಬಾಗಿಲು ಹಾಕ್ತೀನಿ, ಹೀಗೇ ಹೇಳ್ದೆ ಅನ್ನಿ.”

ಪ್ರೀತಿ ಇದ್ದಲ್ಲಿ ಬಾಯಿ ಸ್ವಲ್ಪ ಸಡಿಲ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂದು ಹಿರಿಯರು ಸುಮ್ಮನೆ ಹೇಳಲಿಲ್ಲ.

ಶುಕ್ರವಾರ ಅತ್ತಿಗೆ ಮತ್ತೆ ಬಂದರು. ಕೈಯಲ್ಲಿ ಫೋನಿರಲಿಲ್ಲ. ಸ್ಟೂಲಿನ ತುದಿಯಲ್ಲಿ ಕೂತು, ಪರ್ಸಿನ ಜಿಪ್ಪನ್ನು ಎಳೆಯುತ್ತ ಮುಚ್ಚುತ್ತ ಇದ್ದರು.

“ಮತ್ತೆ ನಿಂತಿತಾ?” ಎಂದು ಹ್ಯಾಂಗಕ್ಕನೇ ಕೇಳಿದಳು.

“ಬುಧವಾರಾನೇ ನಿಂತ್ಹೋಯ್ತು. ಅವರು ಫೋನ್ ಮಗುಚಿ ಇಟ್ರು. ಆಮೇಲೆ ಏನಂದ್ರು ಗೊತ್ತಾ? ಫೋನ್ ಸರಿಯಾಗಿದೆ ಅಂತ ಹ್ಯಾಂಗಕ್ಕನೇ ಹೇಳಿದಾಳೆ, ಅವಳು ಸುಳ್ಳು ಹೇಳೋ ಪೈಕಿ ಅಲ್ಲ. ಹಾಗಾದ್ರೆ ಕೆಟ್ಟಿರೋದು ಯಾವುದು, ನೀನೇ ಹೇಳು ಅಂದ್ರು.”

ಹ್ಯಾಂಗಕ್ಕ ಧೈರ್ಯಕ್ಕೆಂದು ಕಳಿಸಿದ ಮಾತು ಅಲ್ಲಿ ತೀರ್ಪಾಗಿ ಕೂತಿತ್ತು.

“ಎರಡು ದಿನದಿಂದ ಕೈ ಆಡಿಸೇ ಇಲ್ಲ,” ಅಂದರು ಅತ್ತಿಗೆ. “ಬರೋ ಮಂಗಳವಾರ ಒಂದನೇ ತಾರೀಖು. ನೀವೊಂದ್ಸಲ ಮನೆಗೆ ಬಂದು, ಫೋನೇ ಕೆಟ್ಟಿದೆ, ನಾನೇ ಸರಿಯಾಗಿ ನೋಡ್ಲಿಲ್ಲ ಅಂತ ಹೇಳ್ಬಿಡಿ ಸಾಕು. ಸುಳ್ಳೇ ಆಗ್ಲಿ. ನಿಮ್ಮ ಮಾತು ನಂಬ್ತಾರೆ.”

ಬರುತ್ತೇನೆ ಎಂದು ಹೇಳಿ ಕಳಿಸಿದಳು. ಮಧ್ಯಾಹ್ನ ಊಟಕ್ಕೆ ಮನೆಗೆ ಹೋದವಳು ತಟ್ಟೆಯ ಅನ್ನವನ್ನು ಕಲಸುತ್ತಲೇ ಕೂತಳು. ಅತ್ತೆ ಮಿಠಾಯಿಗಳಿಂದ ತಲೆ ಎತ್ತಿ, “ಏನಾಯ್ತೇ?” ಅಂದರು. ಸೊಸೆ ಎಲ್ಲ ಹೇಳಿದಳು. ಸುಳ್ಳು ಹೇಳುವುದೋ ಬೇಡವೋ ಎಂಬುದನ್ನು ಅತ್ತೆಯೇ ಹೇಳಲಿ ಎಂದು ಅವಳ ಆಸೆ. ಅತ್ತೆ ಅದರ ಸುದ್ದಿಗೇ ಹೋಗಲಿಲ್ಲ.

“ಫೋನ್ ನೋಡ್ದೆ, ಸರಿ. ಅವನ ಕೈ ನೋಡಿದ್ಯಾ?”

ಸೊಸೆ ನಾಲಿಗೆ ಕಚ್ಚಿಕೊಂಡಳು.

“ನಂದಾದ್ರೆ ಒಂದು ಗಂಟೆ ಕೂತು ನೋಡ್ದೆ. ಪಾಪದೋನು, ನಿನ್ನ ಮಾವನ ಗಡ್ಡ ಮಾಡ್ದೋನು, ಅವನದ್ದು ನೋಡದೇನೆ ಹೇಳಿ ಕಳಿಸ್ದೆ,” ಎಂದು ಹೇಳಿ ಅತ್ತೆ ಮತ್ತೆ ಮಿಠಾಯಿಗೆ ತಲೆ ಬಗ್ಗಿಸಿದರು. ತಟ್ಟೆಯಲ್ಲಿದ್ದದ್ದನ್ನು ಹಾಗೇ ಮುಚ್ಚಿಟ್ಟು ಹ್ಯಾಂಗಕ್ಕ ಚಪ್ಪಲಿ ಮೆಟ್ಟಿದಳು.

ಸಲೂನ್ ಅಣ್ಣನ ಮನೆ ಮೊದಲನೇ ಮಹಡಿಯಲ್ಲಿ ಎರಡು ಕೋಣೆ. ಕಿಟಕಿ ಪಕ್ಕ ಕುರ್ಚಿ, ಅದರ ಮುಂದೆ ಮಡಚುವ ಮೇಜು. ಮೇಜಿನ ಮೇಲೆ ನೀರಿನ ಲೋಟ, ಮಾತ್ರೆ ಡಬ್ಬಿ, ಮಗುಚಿಟ್ಟ ಫೋನು. ಅಣ್ಣ ಕಿಟಕಿಯ ಹೊರಗೆ ನೋಡುತ್ತ ಕೂತಿದ್ದರು. ಎಡಗೈಯಲ್ಲಿ ತಾವೇ ಗಡ್ಡ ಮಾಡಿಕೊಂಡಿದ್ದರು, ಗದ್ದದ ಕೆಳಗೆ ಒಂದು ಗೀರು. ಇಡೀ ರಸ್ತೆಗೆ ಗೀರು ಬೀಳದಂತೆ ಗಡ್ಡ ಮಾಡಿದವರ ಗದ್ದದಲ್ಲಿ ಆ ಗೀರು ನೋಡಿ ಹ್ಯಾಂಗಕ್ಕನಿಗೆ ಸಂಕಟವಾಯಿತು.

“ಸುಳ್ಳು ಹೇಳೋಕೆ ಬಂದ್ಯಾ ತಂಗೀ?” ಅಂದರು ಅಣ್ಣ, ತಿರುಗದೆಯೇ.

ಬಾಗಿಲ ಹತ್ತಿರ ನಿಂತಿದ್ದ ಅತ್ತಿಗೆ ನೆಲ ನೋಡಿದರು.

“ಮೂವತ್ತು ವರ್ಷ ಕನ್ನಡೀಲಿ ಜನರ ಮುಖ ನೋಡಿದೀನಿ. ಕಟಿಂಗ್ ಚೆನ್ನಾಗಿದೆ ಅಂತ ಬಾಯಲ್ಲಿ ಹೇಳಿ ಮುಖದಲ್ಲಿ ಬೇರೆ ಹೇಳೋರು ಎಷ್ಟು ಜನ! ಇವಳು ನಿನ್ನಂಗಡಿಗೆ ಹೋಗಿ ಬಂದಾಗ್ಲೇ ಗೊತ್ತಾಯ್ತು. ಬೇಡಮ್ಮ. ಕುಣಿಯಲಾರದವಳು ನೆಲ ಡೊಂಕು ಅಂದ್ಳಂತೆ. ನಾನು ಫೋನ್ ಡೊಂಕು ಅನ್ನೋದು ಬೇಡ.”

ದಾರಿಯುದ್ದಕ್ಕೂ ಹ್ಯಾಂಗಕ್ಕ ಒಂದು ಚೆಂದದ ಸುಳ್ಳು ಜೋಡಿಸಿಕೊಂಡು ಬಂದಿದ್ದಳು. ಬ್ಯಾಟರಿ, ಅಪ್‌ಡೇಟು, ಏನೇನೋ. ಅದೆಲ್ಲ ಅಲ್ಲೇ ಬಿದ್ದುಹೋಯಿತು.

“ಸುಳ್ಳಲ್ಲ ಅಣ್ಣ, ತಪ್ಪೊಪ್ಪಿಕೊಳ್ಳೋಕೆ ಬಂದೆ. ನಾನು ಫೋನ್ ನೋಡ್ದೆ, ನಿಮ್ಮನ್ನ ನೋಡ್ಲಿಲ್ಲ. ಗಿರಾಕಿ ಆಡೋದು ನೋಡದೆ ಯಾವತ್ತೂ ಮಾತು ಕೊಟ್ಟೋಳಲ್ಲ, ನಿಮಗೆ ಕೊಟ್ಬಿಟ್ಟೆ. ನನಗೆ ಫೋನಿಂದೂ ಗೊತ್ತಿಲ್ಲ, ಕೈದೂ ಗೊತ್ತಿಲ್ಲ. ಒಂದ್ಸಲ ಆಡಿ ತೋರಿಸಿ. ಏನು ಕಾಣುತ್ತೋ ಅದನ್ನೇ ಹೇಳ್ತೀನಿ, ಕೆಟ್ಟದ್ದಾದ್ರೂ ಸರಿ.”

ಅಣ್ಣ ಆಗ ತಿರುಗಿ ಅವಳ ಮುಖ ನೋಡಿದರು. ಕನ್ನಡಿಯಲ್ಲಿ ನೋಡುವವರ ಹಾಗೆ, ನಿಧಾನವಾಗಿ. ಆಮೇಲೆ ಎಡಗೈಯಿಂದ ಬಲಗೈಯನ್ನು ಎತ್ತಿ ಮೇಜಿನ ಮೇಲಿಟ್ಟರು. ಅತ್ತಿಗೆ ಫೋನ್ ತಿರುಗಿಸಿ ಆಟ ಹಾಕಿದರು.

ಗುಳ್ಳೆಗಳು ಎದ್ದವು. ಅಣ್ಣನ ತೋರುಬೆರಳು ನಡುಗುತ್ತ ಹೋಗಿ ಒಂದು ಹಸಿರು ಗುಳ್ಳೆಯ ಮೇಲೆ ಕೂತಿತು. ಒಡೆಯಿತು. ಇನ್ನೊಂದು, ಒಡೆಯಿತು. ಮೂರನೆಯದರ ಮೇಲೆ ಬೆರಳು ಇದೆ, ಒತ್ತುತ್ತಿದೆ, ಉಗುರಿನ ತುದಿ ಬೆಳ್ಳಗಾಗಿದೆ. ಗುಳ್ಳೆ ಬೆರಳಿನ ಅಡಿಯಿಂದ ನುಸುಳಿ ಮೇಲೆ ಹೋಯಿತು. ನಾಲ್ಕನೆಯದೂ ಹೋಯಿತು, ಐದನೆಯದೂ. ಅಣ್ಣನ ಹಣೆಯಲ್ಲಿ ಬೆವರು.

“ನೋಡ್ದ್ಯಾ?” ಅಂದರು.

ಹ್ಯಾಂಗಕ್ಕ ಫೋನನ್ನು ತನ್ನ ಕಡೆ ಎಳೆದುಕೊಂಡು ತೋರುಬೆರಳಿನಿಂದ ಒಡೆದಳು. ಹತ್ತಕ್ಕೆ ಹತ್ತೂ ಒಡೆದವು. ಮನಸ್ಸು ಕುಸಿಯಿತು. ಫೋನ್ ಸರಿ ಇದೆ. ಹಾಗಾದರೆ ಕೈಯೇ. ಹೇಳಬೇಕು, ಮಾತು ಕೊಟ್ಟಾಗಿದೆ. ಬಾಯಿ ತೆರೆದವಳು ತಡೆದಳು. ತಾನು ಆಡಿದ್ದು ತನ್ನ ಹಾಗೆ. ಅವರ ಹಾಗೆ ಆಡಿ ನೋಡಲೇ ಇಲ್ಲ.

“ಅಣ್ಣ, ಕೈ ಮೊದಲಿನ ಹಾಗೇ ಇಡಿ.”

ಅವಳು ಬಗ್ಗಿ, ಕೆನ್ನೆ ಮೇಜಿಗೆ ತಾಗುವಷ್ಟು ಕೆಳಗಿಂದ ನೋಡಿದಳು. ಗಟ್ಟಿಯಿರುವವರ ಕೈ ಆಡುವಾಗ ಗಾಳಿಯಲ್ಲಿರುತ್ತದೆ, ಬೆರಳ ತುದಿ ಮಾತ್ರ ಇಳಿದು ಏಳುತ್ತದೆ. ಅಣ್ಣನ ಕೈಗೆ ಗಾಳಿಯಲ್ಲಿ ನಿಲ್ಲುವ ಶಕ್ತಿ ಇರಲಿಲ್ಲ. ಮೊದಮೊದಲು ಹತ್ತಿಪ್ಪತ್ತು ಗುಳ್ಳೆಯವರೆಗೆ ಹೇಗೋ ತಡೆಯುತ್ತಿದ್ದದ್ದು, ಎರಡು ದಿನ ಆಡಿಸದೆ ಈಗ ಎರಡಕ್ಕೇ ದಣಿದು ಅಂಗೈ ಕೆಳಗೆ ಇಳಿಯುತ್ತಿತ್ತು. ಮಡಚಿದ ಕಿರುಬೆರಳು ಗಾಜಿನ ಅಂಚಿನ ಮೇಲೆ ಬಂದು ಕೂರುತ್ತಿತ್ತು.

ಹ್ಯಾಂಗಕ್ಕ ತನ್ನ ಕೈಯನ್ನೂ ಹಾಗೆಯೇ ಸತ್ತಂತೆ ಚೆಲ್ಲಿದಳು. ಕಿರುಬೆರಳು ಗಾಜಿನ ಅಂಚಿಗೆ, ತೋರುಬೆರಳು ಗುಳ್ಳೆಗೆ. ಗುಳ್ಳೆ ಒಡೆಯಲಿಲ್ಲ. ಇನ್ನೊಂದು ಒತ್ತಿದಳು. ಒಡೆಯಲಿಲ್ಲ! ಕಾಜಾ ಹೊಲಿದ ಗಟ್ಟಿಮುಟ್ಟು ಬೆರಳು, ಆದರೂ ಗುಳ್ಳೆ ನುಸುಳಿ ಹೋಯಿತು.

“ಅಣ್ಣಾ!” ಎಂದು ಕಿರುಚಿಯೇಬಿಟ್ಟಳು. “ನನ್ನದೂ ನಿಂತಿತು! ಅತ್ತಿಗೆ, ನನ್ನ ಬೆರಳೂ ನಿಂತಿತು ನೋಡಿ!”

ಇಷ್ಟು ಸಂತೋಷದಿಂದ ಯಾರೂ ಆಟದಲ್ಲಿ ಸೋತಿರಲಿಕ್ಕಿಲ್ಲ.

ವಿಷಯ ಇಷ್ಟೇ. ಆ ಆಟಕ್ಕೆ ಒಂದು ಸಲಕ್ಕೆ ಒಂದೇ ಬೆರಳು ಗೊತ್ತು. ಕಿರುಬೆರಳು ಮೊದಲೇ ಗಾಜು ಮುಟ್ಟಿ ಕೂತಿದ್ದರೆ, ಅದನ್ನೇ ಬೆರಳೆಂದು ನಂಬಿ ಕಾಯುತ್ತದೆ. ತೋರುಬೆರಳು ಎಷ್ಟು ಬಡಿದರೂ ಕದ ತೆರೆಯುವುದಿಲ್ಲ. “ಎತ್ತು ಏರಿಗೆಳೀತು, ಕೋಣ ನೀರಿಗೆಳೀತು ಅಂತಾರಲ್ಲ, ಹಾಗೆ. ಮಧ್ಯದಲ್ಲಿ ಫೋನ್ ಗರಬಡಿದು ನಿಂತಿತು,” ಎಂದು ಅವಳು ವಿವರಿಸಿದಳು. ಮಾತಿನಲ್ಲಿ ಹೇಳಿದರೆ ಸಾಲದು, ಕಣ್ಣಿಗೆ ತೋರಿಸಬೇಕು ಎನಿಸಿತು. ಫೋನ್ ತಯಾರಿಸುವವರು ತಮ್ಮ ಪರೀಕ್ಷೆಗೆಂದು ಸೆಟ್ಟಿಂಗ್ಸಿನ ತಳದಲ್ಲಿ ಕೆಲವು ಗುಂಡಿಗಳನ್ನು ಅಡಗಿಸಿಟ್ಟಿರುತ್ತಾರೆ. ಒಂದು ಸಂಖ್ಯೆಯ ಮೇಲೆ ಏಳು ಸಲ ತಟ್ಟಿದರೆ ಆ ಉಗ್ರಾಣ ತೆರೆಯುತ್ತದೆ. ಅದರಲ್ಲಿ ಒಂದನ್ನು ಒತ್ತಿದರೆ, ಗಾಜನ್ನು ಎಲ್ಲೆಲ್ಲಿ ಮುಟ್ಟಿದೆಯೋ ಅಲ್ಲೆಲ್ಲ ಒಂದು ಚುಕ್ಕೆ ಕಾಣುತ್ತದೆ, ಬೆರಳು ಸರಿದ ದಾರಿಗೆ ಗೆರೆ ಬೀಳುತ್ತದೆ, ಬೆರಳು ಇರುವ ಜಾಗ ಹೇಳುವ ಅಂಕಿಗಳು ಮೇಲೆ ಬರುತ್ತವೆ. ಹ್ಯಾಂಗಕ್ಕ ಅದನ್ನು ಒತ್ತಿ ಅಣ್ಣನ ಕೈಯನ್ನು ಮತ್ತೆ ಗಾಜಿನ ಮೇಲಿರಿಸಿದಳು. ಎರಡು ಚುಕ್ಕೆ ಮೂಡಿದವು.

“ಇದು ನಿಮ್ಮ ತೋರುಬೆರಳು. ಅದು ಕಿರುಬೆರಳು. ಅದೇ ಕಳ್ಳ.”

ಅತ್ತಿಗೆ ಕರವಸ್ತ್ರ ತಂದು ಕಿರುಬೆರಳಿಗೆ ದಪ್ಪಗೆ ಸುತ್ತಿದರು. ಬಟ್ಟೆ ನಡುವೆ ಬಂದರೆ ಗಾಜಿಗೆ ಬೆರಳು ತಿಳಿಯುವುದಿಲ್ಲ. ಎರಡನೇ ಚುಕ್ಕೆ ಮಾಯವಾಯಿತು. ಮತ್ತೆ ಆಟ ಹಾಕಿದರು. ಹಸಿರು ಒಡೆಯಿತು, ಕೆಂಪು ಒಡೆಯಿತು, ಹಳದಿ ಒಡೆಯಿತು. ಅಂಗೈ ದಣಿದು ಕೆಳಗಿಳಿದರೂ ಗುಳ್ಳೆಗಳು ಒಡೆಯುತ್ತಲೇ ಇದ್ದವು. ಮೂವತ್ತೊಂದಕ್ಕೆ ಬಂದಾಗ ಅಣ್ಣ ನಿಲ್ಲಿಸಿ ಏದುಸಿರು ಬಿಟ್ಟರು. ಅತ್ತಿಗೆ ಬಾಯಿಗೆ ಕೈ ಅಡ್ಡ ಹಿಡಿದು ನಿಂತಿದ್ದರು. ಹ್ಯಾಂಗಕ್ಕನಿಗೆ, ಬಂದ ಕೆಲಸ ಮುಗಿಯಿತು, ಅತ್ತೆಗೆ ಹೇಳಬೇಕು ಎನ್ನುವ ಉಮೇದು. ಆದರೆ ಅಣ್ಣ ನಗಲಿಲ್ಲ. ಏನನ್ನೋ ಯೋಚಿಸುತ್ತಿದ್ದರು.

“ತಂಗೀ, ಆ ಬಟ್ಟೆ ಬಿಚ್ಚು. ಆ ಎರಡನೇ ಚುಕ್ಕೆ ಇನ್ನೊಂದ್ಸಲ ತೋರಿಸು.”

“ಯಾಕಣ್ಣ?”

“ಅದು ಸುಮ್ಮನೆ ಕೂತಿರ್ಲಿಲ್ಲ ಅನ್ಸುತ್ತೆ. ನಾನು ನೋಡ್ತಿದ್ದೆ.”

ಕೂದಲಿನೆಳೆಯ ಲೆಕ್ಕದಲ್ಲಿ ಬದುಕಿದ ಕಣ್ಣು ಅದು, ತಪ್ಪಿ ನೋಡುವ ಕಣ್ಣಲ್ಲ. ಆದರೂ ಹ್ಯಾಂಗಕ್ಕನಿಗೆ ಹೆದರಿಕೆಯಾಯಿತು. ಈಗಷ್ಟೇ ಒಂದು ಹುಸಿ ಭರವಸೆಯ ಹೊಡೆತ ತಿಂದ ಮನುಷ್ಯ.

“ಅಣ್ಣ, ಇರೋದು ಇದ್ದ ಹಾಗೆ ಹೇಳ್ತೀನಿ. ಗಾಜಿಗೆ ಚರ್ಮ ತಾಗಿದ್ರೆ ಸಾಕು, ಚುಕ್ಕೆ ಬರುತ್ತೆ. ಜೀವ ಇರೋ ಬೆರಳೋ ಇಲ್ಲದ್ದೋ ಅದಕ್ಕೆ ಗೊತ್ತಾಗಲ್ಲ. ಇಡೀ ಕೈ ಅಲ್ಲಾಡಿದ್ರೂ ಚುಕ್ಕೆ ಸರಿಯುತ್ತೆ. ಅದನ್ನ ನಂಬಬೇಡಿ.”

“ಹಾಗಾದ್ರೆ ಕೈ ಅಲ್ಲಾಡದ ಹಾಗೆ ಹಿಡೀರಿ.”

ದಿಂಬು ತಂದು ಮೊಣಕೈ ಅದರ ಮೇಲಿಟ್ಟರು. ಅತ್ತಿಗೆ ಮಂಡಿಯೂರಿ ಕೂತು ಎರಡೂ ಕೈಯಿಂದ ಅವರ ಮಣಿಕಟ್ಟನ್ನು ಮೇಜಿಗೆ ಒತ್ತಿ ಹಿಡಿದರು. ಉಳಿದ ಬೆರಳುಗಳ ಕೆಳಗೆ ಕರವಸ್ತ್ರ. ಗಾಜಿನ ಮೇಲೆ ಕಿರುಬೆರಳೊಂದೇ. ಪರದೆಯಲ್ಲಿ ಒಂದೇ ಚುಕ್ಕೆ. ಮೇಲೆ ಒಂದು ಅಂಕಿ, ನಾನೂರ ಹನ್ನೆರಡು. ಅಂಕಿ ತಾನಾಗಿಯೇ ಕದಲುತ್ತದೆಯೇ ಎಂದು ಹ್ಯಾಂಗಕ್ಕ ಮೊದಲು ಒಂದು ನಿಮಿಷ ಸುಮ್ಮನೆ ಕಾದಳು. ಕದಲಲಿಲ್ಲ.

“ಈಗ ಅಣ್ಣ.”

ಏನೂ ಆಗಲಿಲ್ಲ. ಅಣ್ಣ ಕಣ್ಣು ಮುಚ್ಚಿದರು. ಕುತ್ತಿಗೆಯ ನರ ಉಬ್ಬಿತು. ನಾನೂರ ಹನ್ನೆರಡು.

“ಬಿಡಿ ಸಾಕು, ದಣಿದಿದೀರ,” ಅಂದರು ಅತ್ತಿಗೆ.

ಅಣ್ಣ ಬಿಡಲಿಲ್ಲ. ಎಡಗೈಯನ್ನೂ ಎತ್ತಿ ಪಕ್ಕದಲ್ಲಿಟ್ಟು, ಅದರ ಕಿರುಬೆರಳನ್ನು ಮೇಜಿನ ಮೇಲೆ ಮೆಲ್ಲಗೆ ಹೊರಕ್ಕೆ ಸರಿಸಿದರು. ಇದು ಹೀಗೆ, ನೋಡಿಕೋ, ಎಂದು ಒಂದು ಕೈ ಇನ್ನೊಂದಕ್ಕೆ ಕಲಿಸುವ ಹಾಗೆ. ಮತ್ತೊಮ್ಮೆ ಸರಿಸಿದರು. ಮೂರನೇ ಸಲ ಸರಿಸುವಾಗ ಅಂಕಿ ನಾನೂರ ಹದಿನೈದಾಯಿತು. ಬೆರಳು ಕದಲಿದ್ದು ಯಾರ ಕಣ್ಣಿಗೂ ಕಾಣಲಿಲ್ಲ. ಪರದೆಯ ಮೇಲೆ ಮಾತ್ರ ಎಳ್ಳಿನಷ್ಟು ಉದ್ದದ ಒಂದು ಗೆರೆ ಬಿದ್ದಿತ್ತು.

“ನೀನು ಒತ್ತಿದ್ಯಾ?” ಎಂದು ಅಣ್ಣ ಹೆಂಡತಿಯನ್ನು ಕೇಳಿದರು.

ಅತ್ತಿಗೆ ಎರಡೂ ಕೈಗಳನ್ನು ಅವರ ಮಣಿಕಟ್ಟಿನಿಂದ ತೆಗೆದು, ಎಲ್ಲರಿಗೂ ಕಾಣುವಂತೆ ಮೇಲೆತ್ತಿ ಹಿಡಿದರು. ಅಣ್ಣ ಮತ್ತೆ ಎಡಗೈಯಿಂದ ಕಲಿಸಿದರು. ನಾನೂರ ಹದಿನೈದು ಇದ್ದದ್ದು ಹದಿನೆಂಟಾಯಿತು.

“ತಂಗೀ,” ಅಂದರು ಅಣ್ಣ. “ಏನು ಕಾಣುತ್ತೋ ಅದನ್ನೇ ಹೇಳ್ತೀನಿ ಅಂದಿದ್ದೆ.”

ಹ್ಯಾಂಗಕ್ಕನಿಗೆ ಕಣ್ಣು ಮಂಜಾಗಿ ಅಂಕಿಯೇ ಕಾಣುತ್ತಿರಲಿಲ್ಲ. ಆದರೂ ಹೇಳಿದಳು. “ಕದಲ್ತಿದೆ ಅಣ್ಣ. ಇದರಿಂದ ಏನಾಗುತ್ತೆ, ಎಷ್ಟಾಗುತ್ತೆ, ಅದನ್ನ ಡಾಕ್ಟರಮ್ಮ ಹೇಳ್ಬೇಕು, ನಂಗೆ ಗೊತ್ತಿಲ್ಲ. ಆದ್ರೆ ಕದಲ್ತಿದೆ. ನೀವೇ ಕದಲಿಸ್ತಿರೋದು.”

ಅತ್ತಿಗೆ ಅತ್ತುಬಿಟ್ಟರು. ಆರು ತಿಂಗಳು ಅನ್ನ ಕಲಸಿ ತಿನ್ನಿಸಿ, ಗುಂಡಿ ಹಾಕಿ, ತಲೆ ಬಾಚಿ, ಒಂದು ದಿನವೂ ಅವರ ಮುಂದೆ ಅಳದ ಹೆಂಗಸು, ಮೇಜಿನ ಅಂಚಿಗೆ ಹಣೆ ಹಚ್ಚಿ ಅತ್ತರು. ಆಮೇಲೆ ಮುಖ ಒರೆಸಿಕೊಂಡು, ತಮ್ಮ ಕಿರುಬೆರಳನ್ನು ತಂದು ಗಾಜಿನ ಮೇಲೆ, ಗಂಡನ ಬೆರಳಿನ ಎದುರಿಗೆ ಇಟ್ಟರು. ಪರದೆಯಲ್ಲಿ ಇನ್ನೊಂದು ಚುಕ್ಕೆ ಹುಟ್ಟಿತು.

“ಇದು ನಾನು,” ಅಂದರು. “ಬನ್ನಿ.”

ಅಣ್ಣ ತುಟಿ ಕಚ್ಚಿದರು. ಗೆರೆ ಅತ್ತಿಗೆಯ ಚುಕ್ಕೆಯ ಕಡೆಗೆ ಒಂದು ಎಳ್ಳಿನಷ್ಟು ಬಂತು. ನಿಂತಿತು. ಇನ್ನೊಂದು ಎಳ್ಳಿನಷ್ಟು ಬಂತು. ಅಲ್ಲಿಗೆ ಕೈ ಪೂರಾ ಸೋತು ಸುಮ್ಮನಾಯಿತು. ಇನ್ನೂ ಒಂದು ಬೆರಳಗಲ ದೂರ ಉಳಿದಿತ್ತು.

ಸಲೂನ್ ಅಣ್ಣ ಬೆವರಿದ ಹಣೆಯನ್ನು ತೋಳಿಗೆ ಒರೆಸಿಕೊಂಡು, ಹೆಂಡತಿಯ ಚುಕ್ಕೆಯನ್ನೇ ನೋಡುತ್ತ ಹೇಳಿದರು.

“ಇವತ್ತಿಗೆ ಇಷ್ಟು. ಉಳಿದಿದ್ದು ನಾಳೆ.”